ಭಿನ್ನರಾಶಿ, ಪರ್ಸೆಂಟ್ ಏರಿಕೆ ಕ್ರಮ: ಎಲ್‌ಸಿಎಂ ತೆಗಿಯೂಕಿಂತ ಮೊದಲ ಇದು ನೋಡ್ರಿ

ಪಿಡಿಒ, ಎಫ್‌ಡಿಎ ಸರ್ಕಾರಿ ನೌಕರಿ ಪರೀಕ್ಷಾ ಅಂತ ಕಲಬುರಗಿಗೆ ಬಂದು ರೂಮ್ ಮಾಡ್ಕೊಂಡು ಓದೋ ಹುಡುಗ್ರು ಏರಿಕೆ ಕ್ರಮದ ಲೆಕ್ಕ ಕಂಡ್ರ ಸಾಕು, ಸೀದಾ ಎಲ್‌ಸಿಎಂ (ಲಘುತಮ ಸಾಮಾನ್ಯ ಅಪವರ್ತ್ಯ, ಲ.ಸಾ.ಅ.) ತೆಗಿಲಾಕ ಕುಂದರ್ತಾರ. 5/8, 62%, 7/12, 0.6, 8/13 ಕೊಟ್ರು ಅನ್ಕೋರಿ, ಛೇದಗಳ ಎಲ್‌ಸಿಎಂ 7800 ಬರ್ತದ, ಅಲ್ಲಿಗೆ ಟೈಮ್ ಖಲ್ಲಾಸ್.

ಮೊದಲ ಅರ್ಧಕ್ಕ ಹಚ್ಚಿ ನೋಡ್ರಿ. 5/11, 7/13 ಇದ್ರ, 11ರ ಅರ್ಧ ಐದೂವರಿ, ಅಂದ್ರ 5/11 ಅರ್ಧಕ್ಕಿಂತ ಕಡಿಮಿ, 13ರ ಅರ್ಧ ಆರೂವರಿ, 7/13 ಅರ್ಧ ದಾಟ್ಯಾದ, ಮುಗೀತು ಪೆನ್ ಹಿಡಿಯೋದೇ ಬ್ಯಾಡ. ಅಂಶ ಒಂದೇ ಇದ್ರ ಛೇದ ಸಣ್ಣದಿದ್ದದ್ದೇ ದೊಡ್ಡದು, 3/7 ಅನ್ನೋದು 3/8ಕ್ಕಿಂತ ಜಾಸ್ತಿ. 11/12, 13/14 ಥರ ಒಂದರ ಹತ್ರ ಇದ್ರ ಎಷ್ಟು ಕಮ್ಮಿ ಬಿದ್ದದ ನೋಡ್ರಿ: ಒಂದ್ರಾಗ 1/12, ಇನ್ನೊಂದ್ರಾಗ 1/14, ಕಮ್ಮಿ ಬಿದ್ದದ್ದು ಸಣ್ಣದಿದ್ರ ಸಂಖ್ಯಾ ದೊಡ್ಡದು, ಹಂಗಾಗಿ 13/14.

ಮೊದಲ ಹೇಳಿದ 5/8, 62% ಲೆಕ್ಕದಾಗಿನ ಐದೂ ಅರ್ಧ ದಾಟ್ಯಾವ, ಅಲ್ಲಿ ಈ ಉಪಾಯ ನಡಿಯಂಗಿಲ್ಲ, ಎಲ್ಲಾನೂ ಪರ್ಸೆಂಟ್ ಮಾಡ್ಬೇಕು. ಇದಕ್ಕ 1/8 ಅಂದ್ರ 12.5, 1/12 ಅಂದ್ರ 8.33, 1/7 ಅಂದ್ರ 14.29, 1/6 ಅಂದ್ರ 16.67, ಇಷ್ಟು ಬಾಯಿಪಾಠ ಇರ್ಲಿ. 5/8 ಅಂದ್ರ 62.5, 7/12 ಅಂದ್ರ 58.3, 0.6 ಅಂದ್ರ 60, 8/13ಕ್ಕ 800ನ್ನ 13ರಿಂದ ಭಾಗ್ಸಿದ್ರ 61.5. ಉತ್ತರ 7/12, 0.6, 8/13, 62%, 5/8. ಬರಿಯೋವಾಗ ಕೊಟ್ಟ ರೂಪದಾಗೇ ಬರೀರಿ ಮತ್ತ.

ಎರಡೇ ಇದ್ದು ಭಾಳ ಹತ್ತಿರ ಇದ್ರ ಅಡ್ಡ ಗುಣಾಕಾರ ಛಲೋ. 9/14, 11/17 ನೋಡ್ರಿ, 9×17 ಅಂದ್ರ 153, 11×14 ಅಂದ್ರ 154, ಒಂದೇ ಒಂದ್ರ ಫರಕ್, 11/17 ದೊಡ್ಡದು. ಗುಣಿಸಿ ಬಂದದ್ದನ್ನ ಅದರ ಅಂಶದ ಕಡೀಗೇ ಬರೀಬೇಕು, ಭಾಳ ಮಂದಿ ಎಡವೋದು ಇಲ್ಲೇ.

ಪ್ರಾಕ್ಟೀಸಿಗೆ ನಮ್ಮ ಕಡೀದೇ ತಗೋರಿ. 2011ರ ಜನಗಣತಿ ಪ್ರಕಾರ ಸಾಕ್ಷರತೆ ಯಾದಗಿರಿ 51.83%, ಕಲಬುರಗಿ 64.85%, ಬೀದರ್ 70.51%, ರಾಜ್ಯದ್ದು 75.36%. ಇದ್ರಾಗ 1/2, 2/3, 7/10, 3/4 ಸೇರ್ಸಿ ಜೋಡಸ್ರಿ. ಯಾದಗಿರಿ ಅರ್ಧ ಈಗಷ್ಟೇ ದಾಟ್ಯಾದ, ಕಲಬುರಗಿ 2/3ಕ್ಕ ಇನ್ನೂ ಮುಟ್ಟಿಲ್ಲ, ಬೀದರ್ 7/10ರ ಅಂಚಿನ ಮ್ಯಾಲ ಅದ, ರಾಜ್ಯ ಮುಕ್ಕಾಲು ದಾಟಿ ನಿಂತದ. (ಯಾದಗಿರಿ ನಂಬರ್ ನೋಡಿದ್ರ ಬ್ಯಾಸರ ಆಗ್ತದ, ಅದು ಬ್ಯಾರೆ ಮಾತು.)

ಇದ್ರಾಗೇ ಒಂದು ಮೋಸದ ಪ್ರಶ್ನಿ ಮಾಡಬೌದು, ಬೀದರ್ ದರ ಯಾದಗಿರಿಗಿಂತ ಎಷ್ಟು ಪರ್ಸೆಂಟ್ ಜಾಸ್ತಿ ಅಂತ. ಕಳದ್ರ 18.68 ಬರ್ತದ, ಆಪ್ಷನ್ನಿನ್ಯಾಗ ಅದೂ ಇರ್ತದ, ಆದ್ರ ಅದು ಪರ್ಸೆಂಟೇಜ್ ಪಾಯಿಂಟ್, ಅಂದ್ರ ಎರಡು ಪರ್ಸೆಂಟಿನ ನಡುವಿನ ಫರಕ್ ಅಷ್ಟೇ. ಪರ್ಸೆಂಟ್ ಕೇಳಿದ್ರ 18.68ನ್ನ ಯಾದಗಿರಿಯ 51.83ರಿಂದ ಭಾಗ್ಸಬೇಕು, 36% ಹತ್ರ ಬರ್ತದ, ಟಿಕ್ ಹಾಕೋದು ಅದಕ್ಕ.