ಬಣ್ಣ ಕೊನೆಗೆ: ಲೀಗ್ ಆಫ್ ಲೆಜೆಂಡ್ಸ್ ಸ್ಕಿನ್‌ಗಳನ್ನು ನಾನು ಗುರುತಿಸುವ ಬಗೆ

ಮುಂಬಯಿಯ ಅಂಧೇರಿಯ ಒಂದು ಸಣ್ಣ ಎಡಿಟಿಂಗ್ ಸ್ಟುಡಿಯೋದಲ್ಲಿ ನಾನು ಮಾಡುವ ಕೆಲಸಗಳಲ್ಲಿ ಆನ್‌ಲೈನ್ ಆಟಗಳ ಕ್ಲಿಪ್‌ಗಳನ್ನು ಕತ್ತರಿಸಿ, ಜೋಡಿಸಿ, ಅವುಗಳಿಗೆ ಕನ್ನಡದಲ್ಲಿ ಶೀರ್ಷಿಕೆ ಬರೆಯುವುದೂ ಒಂದು. ಡೊಂಬಿವಲಿ, ಥಾಣೆ, ಪುಣೆಯ ಪಿಂಪ್ರಿ ಕಡೆಯ ನಮ್ಮ ಹುಡುಗರು ತಾವು ಆಡಿದ ಲೀಗ್ ಆಫ್ ಲೆಜೆಂಡ್ಸ್ ಪಂದ್ಯಗಳ ತುಣುಕುಗಳನ್ನು ಕಳಿಸುತ್ತಾರೆ. ಹಲವು ತುಣುಕುಗಳು ಹಳೆಯ ಹಾರ್ಡ್ ಡಿಸ್ಕ್‌ಗಳಿಂದ ಹೆಕ್ಕಿದವು, ಮತ್ತೆ ಕೆಲವು ವಾಟ್ಸ್ಆಪ್‌ನಲ್ಲಿ ಕೈಯಿಂದ ಕೈಗೆ ದಾಟುತ್ತ ಗುಣಮಟ್ಟ ಕಳೆದುಕೊಂಡವು. ಶೀರ್ಷಿಕೆಯಲ್ಲಿ ಚಾಂಪಿಯನ್‌ನ, ಅಂದರೆ ಆಟಗಾರ ಆಡಿಸುವ ಪಾತ್ರದ, ಹೆಸರಿನ ಜೊತೆಗೆ ಅದು ತೊಟ್ಟಿರುವ ಸ್ಕಿನ್‌ನ ಹೆಸರೂ ಇರಬೇಕೆಂದು ನೋಡುಗರು ಬಯಸುತ್ತಾರೆ. ಆಟದ ಬಲಾಬಲಕ್ಕೂ ಸ್ಕಿನ್‌ಗೂ ಸಂಬಂಧವಿಲ್ಲ, ಅದು ಬರಿಯ ವೇಷ. ಆದರೂ ನೋಡುಗರು ಆ ಹೆಸರನ್ನು ಕಣ್ಣಲ್ಲಿ ಕಣ್ಣಿಟ್ಟು ಪರೀಕ್ಷಿಸುತ್ತಾರೆ. 2009ರ ಅಕ್ಟೋಬರ್‌ನಲ್ಲಿ ಬಿಡುಗಡೆಯಾದ ಈ ಆಟದಲ್ಲಿ ಇಂದು 160ಕ್ಕೂ ಹೆಚ್ಚು ಚಾಂಪಿಯನ್‌ಗಳೂ ಸಾವಿರಕ್ಕೂ ಹೆಚ್ಚು ಸ್ಕಿನ್‌ಗಳೂ ಇರುವುದರಿಂದ, ಎಲ್ಲವನ್ನೂ ನೆನಪಿನಲ್ಲಿಟ್ಟುಕೊಂಡು ಹೆಸರು ಹೇಳುತ್ತೇನೆಂಬುದು ಆಗದ ಮಾತು. ಅದಕ್ಕೊಂದು ಕ್ರಮ ಬೇಕಾಗುತ್ತದೆ.

ಹೊಸಬರೆಲ್ಲ ಮೊದಲು ಬಣ್ಣವನ್ನು ನೋಡುತ್ತಾರೆ. ನಾನು ಅದನ್ನು ಕೊನೆಗೆ ನೋಡುತ್ತೇನೆ. ಇದಕ್ಕೆ ಎರಡು ಕಾರಣಗಳಿವೆ. ಮೊದಲನೆಯದು ಆಟದೊಳಗಿನದು: ಒಂದೇ ಸ್ಕಿನ್‌ಗೆ ಕ್ರೋಮಾ ಎಂಬ ಬೇರೆ ಬೇರೆ ಬಣ್ಣದ ಆವೃತ್ತಿಗಳಿರುತ್ತವೆ, ಸಾಮಾನ್ಯವಾಗಿ ತಲಾ 290 ಆರ್‌ಪಿ (ಆಟದೊಳಗಿನ ನಾಣ್ಯ) ಬೆಲೆಗೆ ಅವು ಸಿಗುತ್ತವೆ, ಮತ್ತು ಅವುಗಳಲ್ಲಿ ಆಕೃತಿಯಾಗಲೀ ಚಲನೆಯಾಗಲೀ ಬದಲಾಗದೆ ಬಣ್ಣವಷ್ಟೇ ಬದಲಾಗುತ್ತದೆ. ಎರಡನೆಯದು ವಿಡಿಯೋದ ತಾಂತ್ರಿಕತೆಗೆ ಸೇರಿದ್ದು. ಅಂತರಜಾಲದಲ್ಲಿ ಓಡಾಡುವ ಬಹುತೇಕ ವಿಡಿಯೋಗಳನ್ನು 4:2:0 ಎಂಬ ವಿಧಾನದಲ್ಲಿ ಕುಗ್ಗಿಸಿರುತ್ತಾರೆ. ಇದರಲ್ಲಿ ಬೆಳಕು-ನೆರಳಿನ ಮಾಹಿತಿ ಪ್ರತಿ ಪಿಕ್ಸೆಲ್‌ಗೂ ಉಳಿದರೆ, ಬಣ್ಣದ ಮಾಹಿತಿ ನಾಲ್ಕು ಪಿಕ್ಸೆಲ್‌ಗಳಿಗೆ ಒಂದರಂತೆ ಮಾತ್ರ ಉಳಿಯುತ್ತದೆ. ಮೇಲಿನಿಂದ ನೋಡುವ ಈ ಆಟದ ಕ್ಯಾಮೆರಾದಲ್ಲಿ ಚಾಂಪಿಯನ್ ಹೆಬ್ಬೆರಳಿನಷ್ಟೇ ಕಾಣುವುದರಿಂದ, ಅದರ ಅಂಚಿನ ಗೆರೆ ಉಳಿದುಕೊಂಡರೂ ಬಣ್ಣ ಪಕ್ಕದ ಹುಲ್ಲಿಗೋ ನೀರಿಗೋ ಕಲಸಿಹೋಗಿರುತ್ತದೆ. ಇದರ ಮೇಲೆ ನನ್ನಂಥ ಇನ್ನೊಬ್ಬ ಎಡಿಟರ್ ಕಲರ್ ಗ್ರೇಡಿಂಗ್ ಮಾಡಿದ್ದರಂತೂ ಮುಗಿಯಿತು.

ಬಣ್ಣವನ್ನು ಬದಿಗಿಟ್ಟರೆ ಉಳಿಯುವುದು ಹೊರಾಕೃತಿ, ಅಂದರೆ ತಲೆ, ಹೆಗಲು, ಬೆನ್ನು, ಕೈಯಲ್ಲಿರುವ ಆಯುಧಗಳ ಗೆರೆ. ಮುಂಬಯಿಯ ಸಭಾಂಗಣಗಳಲ್ಲಿ ಊರಿನ ಮೇಳಗಳ ಯಕ್ಷಗಾನ ನೋಡಿ ಬೆಳೆದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ: ಕೊನೆಯ ಸಾಲಿನಲ್ಲಿ ಕುಳಿತರೂ ಕೇದಗೆ ಮುಂದಲೆಯೋ ಕಿರೀಟವೋ ಎಂಬುದು ಮುಖದ ಬಣ್ಣ ಕಾಣುವ ಮೊದಲೇ ತಿಳಿಯುತ್ತದೆ. ಆಟಗಳನ್ನು ರೂಪಿಸುವವರೂ ಇದನ್ನು ಲೆಕ್ಕ ಹಾಕಿಯೇ ಮಾಡುತ್ತಾರೆ. ವಾಲ್ವ್ ಕಂಪನಿಯ ಕಲಾವಿದರು ಟೀಮ್ ಫೋರ್ಟ್ರೆಸ್ 2 ಆಟದ ಚಿತ್ರಣಶೈಲಿಯ ಬಗ್ಗೆ 2007ರಲ್ಲಿ ಪ್ರಕಟಿಸಿದ ಪ್ರಬಂಧದಲ್ಲಿ, ಬಣ್ಣವು ತಂಡವನ್ನೂ ಹೊರಾಕೃತಿಯು ಪಾತ್ರದ ವರ್ಗವನ್ನೂ ಎದೆಮಟ್ಟದಲ್ಲಿ ಎದ್ದು ಕಾಣುವ ಬೆಳಕು-ನೆರಳಿನ ವ್ಯತ್ಯಾಸವು ಕೈಯಲ್ಲಿರುವ ಆಯುಧವನ್ನೂ ತಿಳಿಸುವಂತೆ ಚಿತ್ರಿಸಿದ್ದೇವೆಂದು ವಿವರಿಸಿದ್ದಾರೆ. ಲೀಗ್ ಬೇರೆ ಕಂಪನಿಯ ಆಟವಾದರೂ ಅಲ್ಲಿಯೂ ನಿರ್ಬಂಧ ಅದೇ: ಯಾವ ವೇಷ ತೊಟ್ಟರೂ ಎದುರಾಳಿಗೆ ‘ಇವಳು ಲಕ್ಸ್ ಎಂಬ ಚಾಂಪಿಯನ್’ ಎಂದು ಕ್ಷಣಾರ್ಧದಲ್ಲಿ ತಿಳಿಯಬೇಕು. ಹಾಗಾಗಿ ಸ್ಕಿನ್ ರೂಪಿಸುವವರಿಗೆ ಒಟ್ಟು ದೇಹಾಕಾರವನ್ನು ತಿರುಚುವ ಸ್ವಾತಂತ್ರ್ಯ ಕಡಿಮೆ. ಅವರ ಕೈಚಳಕವೆಲ್ಲ ಕೂದಲು, ಹೆಗಲಕವಚ, ರೆಕ್ಕೆ, ಕೋಲಿನ ತುದಿ ಇವುಗಳಲ್ಲಿ ಅಡಗಿರುತ್ತದೆ. ನಾನು ಹುಡುಕುವುದೂ ಅಲ್ಲಿಯೇ.

ಆದರೆ ಹುಡುಕಾಟಕ್ಕೆ ಇಳಿಯುವ ಮೊದಲು, ಹುಡುಕಬೇಕಾಗಿಯೇ ಇಲ್ಲದ ದಾರಿಯೊಂದಿದೆ. ಪಂದ್ಯ ಆರಂಭವಾಗುವ ಮುಂಚಿನ ಲೋಡಿಂಗ್ ಸ್ಕ್ರೀನ್‌ನಲ್ಲಿ ಹತ್ತೂ ಆಟಗಾರರ ಸ್ಕಿನ್‌ಗಳ ಚಿತ್ರಗಳು ಸಾಲಾಗಿ ಕಾಣುತ್ತವೆ. ಕ್ಲಿಪ್ ಕಳಿಸುವವರು ಇದೇ ಭಾಗವನ್ನು ಬೇಡವೆಂದು ಕತ್ತರಿಸಿ ಎಸೆದಿರುತ್ತಾರೆ. ಆದ್ದರಿಂದ ಕ್ಲಿಪ್ ಕೈಗೆ ಬಂದ ಕೂಡಲೇ ನಾನು ಕೇಳುವ ಮೊದಲ ಪ್ರಶ್ನೆ ‘ಮೂಲ ರೆಕಾರ್ಡಿಂಗ್ ಇದೆಯೇ?’ ಎಂಬುದು, ಎರಡನೆಯದು ‘ರಿಪ್ಲೇ ಇಳಿಸಿಕೊಂಡಿದ್ದೀರಾ?’ ಎಂಬುದು. ರಿಪ್ಲೇ, ಅಂದರೆ ಪಂದ್ಯವನ್ನು ಆಟದೊಳಗೇ ಮತ್ತೆ ನೋಡಲು ಉಳಿಸಿಕೊಂಡ ಕಡತ, ಸಿಕ್ಕರೆ ಕ್ಯಾಮೆರಾವನ್ನು ಬೇಕಾದ ಕಡೆ ಒಯ್ದು, ಬೇಕಾದ ಕ್ಷಣದಲ್ಲಿ ನಿಲ್ಲಿಸಿ ನೋಡಬಹುದು. ಆದರೆ ರಿಪ್ಲೇ ಕಡತವು ತಾನು ಹುಟ್ಟಿದ ಪ್ಯಾಚ್‌ನಲ್ಲಿ, ಅಂದರೆ ಆಟದ ಅದೇ ಪರಿಷ್ಕೃತ ಆವೃತ್ತಿಯಲ್ಲಿ, ಮಾತ್ರ ತೆರೆಯುತ್ತದೆ, ಮತ್ತು ಈ ಆಟಕ್ಕೆ ಹೆಚ್ಚುಕಡಿಮೆ ಎರಡು ವಾರಕ್ಕೊಂದು ಹೊಸ ಪ್ಯಾಚ್ ಬರುತ್ತದೆ; ‘ಮುಂದಿನ ತಿಂಗಳು ಕಳಿಸ್ತೇನೆ’ ಎನ್ನುವವರ ರಿಪ್ಲೇಯಿಂದ ಯಾವ ಪ್ರಯೋಜನವೂ ಇಲ್ಲ.

ಎರಡೂ ಇಲ್ಲದಿದ್ದಾಗ ನಾನು ಮೊದಲು ಚಾಂಪಿಯನ್ ಅನ್ನು ಬಿಟ್ಟು ನೆಲವನ್ನು ನೋಡುತ್ತೇನೆ. ಸಮನರ್ಸ್ ರಿಫ್ಟ್ ಎಂಬ ಮುಖ್ಯ ನಕ್ಷೆಯ ರೂಪವೇ ಕ್ಲಿಪ್‌ನ ಕಾಲವನ್ನು ಹೇಳಿಬಿಡುತ್ತದೆ. 2014ರ ಕೊನೆಯಲ್ಲಿ ನಕ್ಷೆಯ ಚಿತ್ರಣವನ್ನು ಪೂರ್ತಿಯಾಗಿ ಹೊಸದಾಗಿಸಿದರು. 2016ರಲ್ಲಿ ಬೆಂಕಿ, ಗಾಳಿ, ನೀರು, ಮಣ್ಣಿನ ಡ್ರ್ಯಾಗನ್‌ಗಳು ಬಂದವು. 2019ರ ನವೆಂಬರ್‌ನಿಂದ ಆ ಡ್ರ್ಯಾಗನ್‌ಗೆ ತಕ್ಕಂತೆ ನಕ್ಷೆಯ ನೆಲವೇ ಬದಲಾಗತೊಡಗಿತು. 2024ರ ಆರಂಭದಲ್ಲಿ ವಾಯ್ಡ್‌ಗ್ರಬ್ ಎಂಬ ಹುಳುಗಳು ಸೇರಿಕೊಂಡವು. ಇವುಗಳಲ್ಲಿ ಯಾವುದಿದೆ, ಯಾವುದಿಲ್ಲ ಎಂಬುದನ್ನು ಗಮನಿಸಿದರೆ ಕ್ಲಿಪ್ ಯಾವ ವರ್ಷದ ಆಚೀಚೆಯದು ಎಂಬುದು ತಿಳಿಯುತ್ತದೆ, ಮತ್ತು ಆ ಕಾಲದ ನಂತರ ಹುಟ್ಟಿದ ಸ್ಕಿನ್‌ಗಳೆಲ್ಲ ಒಂದೇ ಏಟಿಗೆ ಪಟ್ಟಿಯಿಂದ ಹೊರಬೀಳುತ್ತವೆ. ಹಳೆಯ ಶೈಲಿಯ, ಒಂದೇ ಬಗೆಯ ಡ್ರ್ಯಾಗನ್ ಇರುವ ಕ್ಲಿಪ್‌ನಲ್ಲಿ 2016ರ ನವೆಂಬರ್‌ನಲ್ಲಿ ಬಂದ ಎಲಿಮೆಂಟಲಿಸ್ಟ್ ಲಕ್ಸ್ ಎಂಬ ಸ್ಕಿನ್ ಇರುವುದು ಸಾಧ್ಯವೇ ಇಲ್ಲ. ಗುರುತಿಸುವ ಕೆಲಸದಲ್ಲಿ ಇಷ್ಟು ಅಗ್ಗವಾಗಿ ಇಷ್ಟು ಲಾಭ ಕೊಡುವ ಹೆಜ್ಜೆ ಇನ್ನೊಂದಿಲ್ಲ. ಆದರೂ ಹೆಚ್ಚಿನವರು ಇದನ್ನು ಮಾಡದಿರುವುದು ನನಗೆ ಸೋಜಿಗ.

ಕಾಲ ತಿಳಿದಿರಬೇಕಾದುದಕ್ಕೆ ಇನ್ನೊಂದು ಕಾರಣವೂ ಇದೆ. ಕಂಪನಿಯು ಆಗಾಗ ಹಳೆಯ ಚಾಂಪಿಯನ್‌ಗಳನ್ನು ಬುಡದಿಂದ ತಿದ್ದಿ ಹೊಸ ರೂಪ ಕೊಡುತ್ತದೆ. 2014ರಲ್ಲಿ ಸಯಾನ್, 2017ರಲ್ಲಿ ವಾರ್ವಿಕ್, 2019ರಲ್ಲಿ ಪ್ಯಾಂಥಿಯನ್, 2020ರಲ್ಲಿ ಫಿಡಲ್‌ಸ್ಟಿಕ್ಸ್ ಹೀಗೆ ಬದಲಾದರು, ಜೊತೆಗೆ ಅವರ ಹಳೆಯ ಸ್ಕಿನ್‌ಗಳೂ ಬದಲಾದವು. ಹೆಸರು ಅದೇ ಇದ್ದರೂ ಹಳೆಯ ಕ್ಲಿಪ್‌ನಲ್ಲಿರುವ ರೂಪಕ್ಕೂ ಇಂದಿನ ಚಿತ್ರಕ್ಕೂ ಹೋಲಿಕೆಯೇ ಇರುವುದಿಲ್ಲ. ಅಂಥ ಕಡೆ ಇಂದಿನ ಆಟವನ್ನು ತೆರೆದು ಹೋಲಿಸುವುದು ವ್ಯರ್ಥ. ಅದೇ ಕಾಲದ ಬೇರೆ ವಿಡಿಯೋಗಳೊಡನೆ ಮಾತ್ರ ಹೋಲಿಸಬೇಕು.

ಇನ್ನು ಚಾಂಪಿಯನ್ ಅನ್ನು ನೋಡುವ ಸರದಿ. ಜಗಳದ ಕ್ಷಣಗಳಲ್ಲಿ ಹೊಗೆ, ಮಿಂಚು, ಬಾಣಗಳ ನಡುವೆ ಏನೂ ಸಿಗುವುದಿಲ್ಲ, ಕ್ಲಿಪ್ ಕಳಿಸಿದವರಿಗೆ ಆ ಕ್ಷಣವೇ ಮುಖ್ಯವಾದರೂ ನನಗೆ ಅದು ನಿರುಪಯುಕ್ತ. ನನಗೆ ಬೇಕಾದುದು ರೀಕಾಲ್, ಅಂದರೆ ಆಟಗಾರ ತನ್ನ ನೆಲೆಗೆ ಮರಳಲು ಎಂಟು ಸೆಕೆಂಡು ಅಲುಗಾಡದೆ ನಿಲ್ಲುವ ಹೊತ್ತು. 1350 ಆರ್‌ಪಿ ಮತ್ತು ಅದಕ್ಕೂ ಮೇಲಿನ ಬೆಲೆಯ ಸ್ಕಿನ್‌ಗಳಿಗೆ ಸಾಮಾನ್ಯವಾಗಿ ಅವುಗಳದೇ ಆದ ರೀಕಾಲ್ ಚಲನೆ ಇರುತ್ತದೆ. ವಿಶ್ವ ಚಾಂಪಿಯನ್‌ಷಿಪ್ ಗೆದ್ದ ತಂಡಗಳ ಹೆಸರಿನ ಸ್ಕಿನ್‌ಗಳಲ್ಲಿ, 2013ರಲ್ಲಿ ಗೆದ್ದ ಎಸ್‌ಕೆಟಿ ಟಿ1 ತಂಡದ ಲೀ ಸಿನ್, ವೇನ್, ಜೆಡ್‌ಗಳಂಥವುಗಳಲ್ಲಿ, ತಂಡದ ಲಾಂಛನ ಕಾಣಿಸಿಕೊಳ್ಳುವುದೂ ಈ ಹೊತ್ತಿನಲ್ಲೇ. ಯೂಟ್ಯೂಬ್‌ನಲ್ಲಿ ವಿಡಿಯೋ ನಿಲ್ಲಿಸಿ ಅಲ್ಪವಿರಾಮ ಮತ್ತು ಪೂರ್ಣವಿರಾಮದ ಕೀಲಿಗಳನ್ನು ಒತ್ತಿದರೆ ಒಂದೊಂದೇ ಫ್ರೇಮ್ ಹಿಂದೆ-ಮುಂದೆ ಸರಿಯುತ್ತದೆ. ರೀಕಾಲ್‌ನ ಎಂಟು ಸೆಕೆಂಡನ್ನು ಹೀಗೆ ಸರಿಸಿ ನೋಡಿದರೆ ಸಂಶಯ ಉಳಿಯುವುದು ಅಪರೂಪ. ರೀಕಾಲ್ ಸಿಗದಿದ್ದರೆ ಸಾಯುವ ಕ್ಷಣವನ್ನೂ, ಅದೂ ಇಲ್ಲದಿದ್ದರೆ ಸುಮ್ಮನೆ ನಡೆಯುವ ಗತಿಯನ್ನೂ ನೋಡುತ್ತೇನೆ.

ಒಂದು ಉದಾಹರಣೆ ಹೇಳುತ್ತೇನೆ. ನನ್ನ ಜೊತೆ ಕೆಲಸ ಕಲಿಯುತ್ತಿರುವ ಡೊಂಬಿವಲಿಯ ಹುಡುಗನೊಬ್ಬ ಲಕ್ಸ್‌ಳ ಕ್ಲಿಪ್ ತೆರೆದು ಕುಳಿತಿದ್ದ. ಕಪ್ಪು-ನೇರಳೆ ಉಡುಪು, ನೇರಳೆ ಬೆಳಕು. “ಅಣ್ಣ, ಇದು ಡಾರ್ಕ್ ಕಾಸ್ಮಿಕ್ ಸ್ಕಿನ್ ಅಲ್ವಾ?” ಎಂದ.

“ಇರಬಹುದು. ಗಡಿಯಾರ ಎಷ್ಟು ತೋರಿಸ್ತದೆ?”

“ಇಪ್ಪತ್ತಾರನೇ ನಿಮಿಷ.”

“ಹಾಗಾದ್ರೆ ಅವಸರ ಮಾಡ್ಬೇಡ ಮಾರಾಯ. ಮೂಲ ಫೈಲ್ ತೆಗೆದು ಮೂರನೇ ನಿಮಿಷಕ್ಕೆ ಹೋಗು.”

ಮೂರನೇ ನಿಮಿಷಕ್ಕೇ ಹೋಗಬೇಕಾದ ಕಾರಣ ಇಷ್ಟು. ಎಲಿಮೆಂಟಲಿಸ್ಟ್ ಲಕ್ಸ್ 3250 ಆರ್‌ಪಿಯ ಅಲ್ಟಿಮೇಟ್ ದರ್ಜೆಯ ಸ್ಕಿನ್. ಅದಕ್ಕೆ ಒಟ್ಟು ಹತ್ತು ರೂಪಗಳಿವೆ. ಪಂದ್ಯದ ಆರಂಭದಲ್ಲಿ ಅವಳು ಬೆಳಕಿನ ರೂಪದಲ್ಲಿರುತ್ತಾಳೆ, ಆಟ ಮುಂದುವರಿದಂತೆ ಆಟಗಾರ ಮೊದಲು ಒಂದು ತತ್ವವನ್ನೂ ಬಳಿಕ ಇನ್ನೊಂದನ್ನೂ ಆರಿಸಿಕೊಂಡು ಕೊನೆಯ ರೂಪಕ್ಕೆ ತಲುಪುತ್ತಾನೆ, ಮತ್ತು ಆ ಕೊನೆಯ ರೂಪಗಳಲ್ಲೊಂದು ಕತ್ತಲೆಯದು. 2019ರಲ್ಲಿ ಬಂದ ಡಾರ್ಕ್ ಕಾಸ್ಮಿಕ್ ಲಕ್ಸ್ ಹಾಗಲ್ಲ, ಮೊದಲ ನಿಮಿಷದಿಂದ ಕೊನೆಯವರೆಗೆ ಅವಳದು ಒಂದೇ ವೇಷ. ಇಪ್ಪತ್ತಾರನೇ ನಿಮಿಷದ ಮಸುಕಾದ ಫ್ರೇಮ್ ಮುಂದಿಟ್ಟುಕೊಂಡು ವಾದಿಸುವುದಕ್ಕಿಂತ ಮೂರನೇ ನಿಮಿಷದಲ್ಲಿ ಅವಳು ಹೇಗಿದ್ದಳು ಎಂದು ನೋಡುವುದು ಲೇಸು. ಮೂಲ ಫೈಲ್‌ನಲ್ಲಿ ಆಗ ಅವಳು ಬೆಳ್ಳಗೆ ಹೊಳೆಯುತ್ತಿದ್ದಳು. ಹುಡುಗ ಮರುಮಾತಾಡದೆ ಶೀರ್ಷಿಕೆ ಟೈಪ್ ಮಾಡಿದ.

ಹೀಗೆ ಪಂದ್ಯದ ನಡುವೆಯೇ ರೂಪ ಬದಲಿಸುವ ಸ್ಕಿನ್‌ಗಳು ಕೆಲವೇ ಇದ್ದರೂ ಗೊಂದಲದ ಬಹುಪಾಲು ಹುಟ್ಟುವುದು ಅವುಗಳಿಂದಲೇ. 2012ರಲ್ಲಿ ಬಂದ ಮೊದಲ ಅಲ್ಟಿಮೇಟ್ ಸ್ಕಿನ್ ಪಲ್ಸ್‌ಫೈರ್ ಎಜ್ರಿಯಲ್‌ನ ಕವಚವು ಅವನ ದೊಡ್ಡ ಶಕ್ತಿಯ ಮಟ್ಟ ಏರಿದಂತೆಲ್ಲ ಬೆಳೆಯುತ್ತ ಹೋಗುತ್ತದೆ, ಆದ್ದರಿಂದ 6ನೇ ಲೆವೆಲ್‌ಗೆ ಮುಂಚಿನ ಚಿತ್ರವನ್ನೂ 16ರ ನಂತರದ ಚಿತ್ರವನ್ನೂ ಪಕ್ಕಪಕ್ಕದಲ್ಲಿಟ್ಟರೆ ಎರಡು ಸ್ಕಿನ್‌ಗಳೆಂದೇ ತೋರುತ್ತದೆ. ಡಿಜೆ ಸೋನಾಳಿಗೆ ಮೂರು ಬಗೆಯ ಸಂಗೀತಗಳಿದ್ದು, ಆಟಗಾರ ಬೇಕೆನಿಸಿದಾಗ ಬದಲಿಸುತ್ತಾನೆ, ಅವಳ ವೇಷವೂ ಅದರ ಜೊತೆಗೆ ಬದಲಾಗುತ್ತದೆ.

ಧ್ವನಿಯನ್ನು ಮರೆಯಬಾರದು. 1820 ಆರ್‌ಪಿಯ ಲೆಜೆಂಡರಿ ಸ್ಕಿನ್‌ಗಳಿಗೆ ಹೊಸ ಮಾತುಗಳನ್ನು ಧ್ವನಿಮುದ್ರಿಸಿರುತ್ತಾರೆ. ಅದಕ್ಕಿಂತ ಕಡಿಮೆ ಬೆಲೆಯವುಗಳಲ್ಲಿ ಚಾಂಪಿಯನ್‌ನ ಮೂಲ ಮಾತುಗಳೇ ಇರುವುದು ಸಾಮಾನ್ಯ. ಮಾತು ಬೇರೆಯಾಗಿ ಕೇಳಿಸಿದರೆ ಪಟ್ಟಿ ಎರಡು-ಮೂರು ಹೆಸರುಗಳಿಗೆ ಇಳಿಯುತ್ತದೆ. ಪಲ್ಸ್‌ಫೈರ್ ಎಜ್ರಿಯಲ್ ತನ್ನ ಕವಚದ ಪರ್ಲ್ ಎಂಬ ಕೃತಕ ಬುದ್ಧಿಯೊಡನೆ ಮಾತನಾಡುತ್ತಿರುವುದು ಕಿವಿಗೆ ಬಿದ್ದರೆ ಚಿತ್ರವನ್ನೇ ನೋಡಬೇಕಾಗಿಲ್ಲ. ತೊಂದರೆಯೆಂದರೆ ಕ್ಲಿಪ್‌ಗಳ ಮೇಲೆ ಏರುದನಿಯ ಹಾಡು ಹಾಕುವ ಚಟ. ಅದಕ್ಕೂ ಮೂಲ ರೆಕಾರ್ಡಿಂಗೇ ಮದ್ದು.

ಇಷ್ಟಾದ ಮೇಲೆ ಬಣ್ಣ. ಒಂದೇ ಸರಣಿಯ ಎರಡು ಸ್ಕಿನ್‌ಗಳ ನಡುವೆ, ಅಥವಾ ಸ್ಕಿನ್ ಮತ್ತು ಅದರ ಪ್ರೆಸ್ಟೀಜ್ ಆವೃತ್ತಿಯ ನಡುವೆ ತೀರ್ಮಾನಿಸಬೇಕಾದಾಗ ಅದು ಉಪಯೋಗಕ್ಕೆ ಬರುತ್ತದೆ. ಕೈಸಾಳಿಗೆ ಕೆ/ಡಿಎ ಸರಣಿಯಲ್ಲಿ 2018ರದೂ 2020ರದೂ ಇದೆ, ಅದರ ಜೊತೆಗೆ 2018ರಲ್ಲೇ ಬಂದ ಪ್ರೆಸ್ಟೀಜ್ ಬೇರೆ. ಪ್ರೆಸ್ಟೀಜ್ ಎಂದರೆ ಬಂಗಾರದ ಮೆರುಗು ಎಂಬುದು ಆಡುವವರೆಲ್ಲ ಬಲ್ಲ ಗುರುತು. ಆದರೂ ಬಂಗಾರ ಕಂಡ ಮಾತ್ರಕ್ಕೆ ನಾನು ಪ್ರೆಸ್ಟೀಜ್ ಎಂದು ಬರೆಯುವುದಿಲ್ಲ. ಆಭರಣದ ಅಂಚು, ಉಡುಪಿನ ಮಡಿಕೆ ಕೂಡ ಹೊಂದಬೇಕು. ಕ್ರೋಮಾದ ಹೆಸರನ್ನಂತೂ ಶೀರ್ಷಿಕೆಯಲ್ಲಿ ಹಾಕುವುದೇ ಇಲ್ಲ. ಅದನ್ನು ಖಚಿತಪಡಿಸಿಕೊಳ್ಳಲು ಹಿಡಿಯುವ ಹೊತ್ತಿಗೂ ಅದರಿಂದ ನೋಡುಗನಿಗೆ ಸಿಗುವುದಕ್ಕೂ ಸಮವಿಲ್ಲ ಎಂಬುದು ನನ್ನ ಅಭಿಪ್ರಾಯ, ಸಂಗ್ರಹಕಾರರು ಒಪ್ಪಲಿಕ್ಕಿಲ್ಲ. ಚಿತ್ರ ಕೊಟ್ಟು ಹುಡುಕುವ ಸೌಲಭ್ಯಗಳನ್ನೂ ನಾನು ನೆಚ್ಚಿಕೊಂಡಿಲ್ಲ, ಏಕೆಂದರೆ ನನ್ನ ಕಣ್ಣಿಗೆ ಅವು ಬಣ್ಣದ ಬೆನ್ನು ಹತ್ತುವವೇ. ಕೊನೆಗೆ ಯಾರದೋ ಕಾಸ್‌ಪ್ಲೇ ಉಡುಪಿನ ಫೋಟೋ ತಂದು ಮುಂದಿಡುತ್ತವೆ.

ಹೆಸರನ್ನು ತಾಳೆ ನೋಡಲು ನಾನು ಬಳಸುವುದು ಡೇಟಾ ಡ್ರ್ಯಾಗನ್, ಅಂದರೆ ರಾಯಟ್ ಗೇಮ್ಸ್ ಕಂಪನಿಯೇ ಎಲ್ಲರಿಗೂ ತೆರೆದಿಟ್ಟಿರುವ ಮಾಹಿತಿ ಭಂಡಾರ. ಅದರಲ್ಲಿ ಪ್ರತಿ ಚಾಂಪಿಯನ್‌ನ ಪ್ರತಿ ಸ್ಕಿನ್‌ಗೂ ಒಂದು ಸಂಖ್ಯೆಯಿದೆ: ಮೂಲರೂಪಕ್ಕೆ 0, ಎಲಿಮೆಂಟಲಿಸ್ಟ್ ಲಕ್ಸ್‌ಗೆ 7, ಹೀಗೆ. ನಡುನಡುವೆ ಸಂಖ್ಯೆಗಳು ಬಿಟ್ಟುಹೋದಂತೆ ಕಂಡರೆ ಗಾಬರಿಯಾಗಬೇಕಾಗಿಲ್ಲ, ಆ ಸಂಖ್ಯೆಗಳನ್ನು ಕ್ರೋಮಾಗಳು ಆಕ್ರಮಿಸಿಕೊಂಡಿರುತ್ತವೆ. ಲೋಡಿಂಗ್ ಸ್ಕ್ರೀನ್‌ನ ಚಿತ್ರಗಳೂ ಅಲ್ಲಿಯೇ ಸಿಗುವುದರಿಂದ ಅರ್ಧ ಮಸುಕಾದ ಸ್ಕ್ರೀನ್‌ಶಾಟ್‌ನೊಡನೆ ಹೋಲಿಸುವುದು ಸುಲಭ.

ಎಲ್ಲ ಹೊಂದಿದರೂ ಪಟ್ಟಿಯಲ್ಲಿ ಇಲ್ಲವೇ ಇಲ್ಲದ ವೇಷವೊಂದು ಕಣ್ಣಿಗೆ ಬೀಳುವುದುಂಟು. ಅದು ಹೊರಗಿನವರು ತಯಾರಿಸಿದ ಮಾಡ್ ಆಗಿರುತ್ತದೆ. ಅದನ್ನು ಹಾಕಿಕೊಂಡವನ ಪರದೆಯಲ್ಲಿ ಮಾತ್ರ ಅದು ಕಾಣುತ್ತದೆ, ಉಳಿದ ಒಂಬತ್ತು ಜನರಿಗೆ ಅಸಲಿ ಸ್ಕಿನ್ ಕಾಣುತ್ತಿರುತ್ತದೆ. ಅಂಥ ಸಂಶಯ ಬಂದರೆ ಅದೇ ಪಂದ್ಯ ಆಡಿದ ಇನ್ನೊಬ್ಬನ ರೆಕಾರ್ಡಿಂಗ್ ತರಿಸಿಕೊಳ್ಳುತ್ತೇನೆ. ಪಂದ್ಯದಲ್ಲಿ ನೀಕೊ ಇದ್ದಾಳೋ ಎಂದೂ ನೋಡುತ್ತೇನೆ, ಏಕೆಂದರೆ ಜೊತೆಗಾರರ ರೂಪ ಧರಿಸಿ ಓಡಾಡುವುದೇ ಅವಳ ಶಕ್ತಿ. ಕೊನೆಯಲ್ಲಿ ಕಡತದ ಹೆಸರಿನ ಪಕ್ಕದಲ್ಲಿ ಸ್ಕಿನ್‌ನ ಸಂಖ್ಯೆಯನ್ನೂ, ಯಾವ ನಿಮಿಷ-ಸೆಕೆಂಡಿನ ಫ್ರೇಮ್ ನೋಡಿ ಹಾಗೆ ನಿರ್ಧರಿಸಿದೆ ಎಂಬುದನ್ನೂ ಬರೆದಿಡುತ್ತೇನೆ. ನಿರ್ಧರಿಸಲು ಸಾಧ್ಯವಾಗದ ಕಡೆ ಶೀರ್ಷಿಕೆಯಲ್ಲಿ ಚಾಂಪಿಯನ್‌ನ ಹೆಸರನ್ನಷ್ಟೇ ಹಾಕಿ ಮುಂದಿನ ಕ್ಲಿಪ್ ತೆರೆಯುತ್ತೇನೆ.