ರಂಗದ ಮೇಲೆ ಯುಗಸೇತು ಕಟ್ಟಿದ ನನ್ನ ಅನುಭವ

ಗೆಳೆಯರೊಬ್ಬರು ಬರೆದ ಕಾಲ್ಪನಿಕ ಲೋಕದ ನಾಟಕದಲ್ಲಿ ಯುಗಸೇತು ಎಂಬ ಮಹಾಸೇತುವೆಯಿದೆ. ಒಂದೊಂದು ಪೀಳಿಗೆ ಒಂದೊಂದು ಅಂಕಣ, ಅಂದರೆ ಎರಡು ಆಸರೆಗಳ ನಡುವಿನ ಭಾಗ, ಕಟ್ಟಿ ಮುಂದಿನವರಿಗೆ ಬಿಟ್ಟುಹೋದ ಆ ಸೇತುವೆಯಲ್ಲಿ ಯಾರು ಯಾವ ಅಂಕಣಕ್ಕೆ ಕಾಲಿಡುತ್ತಾರೋ ಅದನ್ನು ಕಟ್ಟಿದವರ ಕಾಲವನ್ನೇ ಸೇರುತ್ತಾರೆ. ಇದನ್ನು ರಂಗದ ಮೇಲೆ ಕಟ್ಟಿ ತೋರಿಸಲಾಗದು, ಪರದೆಗೆ ಬರೆಸಿ, ಹೊಗೆ ಬಿಟ್ಟು, ನೀಲಿ ಬೆಳಕು ಹಾಕಿ ಮುಗಿಸಿರಿ ಎಂದು ಹುಬ್ಬಳ್ಳಿ-ಧಾರವಾಡದ ರಂಗಸಜ್ಜಿಕೆಯ ಗೆಳೆಯರು ಬಹುತೇಕ ಎಲ್ಲರೂ ಹೇಳಿದ್ದರು. ಈಗ ಅದು ಸುಮಾರು 28 ಅಡಿ ಉದ್ದಕ್ಕೆ ಐದು ತುಂಡುಗಳಲ್ಲಿ ನಿಂತಿದೆ, ಅದರ ಮೇಲೆ ಆರು ಜನ ನಟರು ಒಮ್ಮೆಗೇ ಓಡಿದ್ದಾರೆ. ಕೊನೆಯ ಸಾಲಿನಲ್ಲಿ ಕುಳಿತವರಿಗೂ ಯಾವ ತುದಿ ಯಾವ ಕಾಲದ್ದೆಂದು ಯಾರೂ ಹೇಳಿಕೊಡಬೇಕಾಗಲಿಲ್ಲ.

ಹಳೆಯದೆಂದು ತೋರಿಸಲು ಬಿರುಕು ಬರೆದು ಪಾಚಿಯ ಬಣ್ಣ ಬಳಿಯುವುದು ನಮ್ಮ ರೂಢಿ. ಈ ಸೇತುವೆಗೆ ಆ ರೂಢಿ ಒಗ್ಗುವುದಿಲ್ಲ, ಏಕೆಂದರೆ ಹಳೆಯ ಅಂಕಣಕ್ಕೆ ಕಾಲಿಟ್ಟವನಿಗೆ ಅದು ಆಗ ತಾನೇ ಕಟ್ಟಿದ್ದಾಗಿರಬೇಕು, ಕಲ್ಲಿನ ಮೇಲೆ ಉಳಿಯ ಗುರುತು ಇನ್ನೂ ಬೆಳ್ಳಗೇ ಇರಬೇಕು. ಆದ್ದರಿಂದ ಕಾಲವನ್ನು ಸವೆತದಿಂದ ತೋರಿಸದೆ ಕಟ್ಟುವ ರೀತಿಯಿಂದಲೇ ತೋರಿಸಿದೆ. ಮೊದಲನೆಯ ಅಂಕಣ ಬರೀ ಕಂಬ ಮತ್ತು ತೊಲೆ, ಕಂಬಗಳು ಗದಗಿನ ಹತ್ತಿರದ ಲಕ್ಕುಂಡಿಯ ಚಾಲುಕ್ಯರ ಕಾಲದ ಗುಡಿಗಳ ಮಾದರಿಯವು. ಎರಡನೆಯದರಲ್ಲಿ ಕಲ್ಲಿನ ವರಸೆಗಳು ಒಂದರ ಮೇಲೊಂದು ಸ್ವಲ್ಪ ಸ್ವಲ್ಪವೇ ಮುಂದೆ ಚಾಚಿ ನಡುವೆ ಕೂಡುತ್ತವೆ. ಮೂರನೆಯದು ನಿಜವಾದ ಕಮಾನು, ನಾಲ್ಕನೆಯದು ರಿವೆಟ್ ಹೊಡೆದ ಕಬ್ಬಿಣದ ತೊಲೆ, ಅಂದರೆ ಗರ್ಡರ್. ಐದನೆಯದು ನಾಳೆಯದಾದ್ದರಿಂದ ಅಲ್ಲಿ ಕಲ್ಲೇ ಇಲ್ಲ, ಕಮಾನು ಕೂಡುವವರೆಗೆ ಅದನ್ನು ಹೊರುವ ಕಟ್ಟಿಗೆಯ ಸೆಂಟ್ರಿಂಗ್ ಮಾತ್ರ ನಿಂತಿದೆ. ನಾಯಕಿ ಕೊನೆಗೆ ನಡೆಯುವುದು ಅದರ ಮೇಲೆ.

ಆ ಲೋಕದಲ್ಲಿ ಚಾಲುಕ್ಯರಿಲ್ಲ, ಆದಿಲ್‌ಶಾಹಿಗಳಿಲ್ಲ, ಲಕ್ಕುಂಡಿಯ ಕಂಬ ಅಲ್ಲಿಗೇಕೆ ಎಂದು ನಿರ್ದೇಶಕರು ಕೇಳಿದರು. ಲೋಕ ಬೇರೆಯದಾದರೂ ನೋಡುವ ಕಣ್ಣು ಈ ಕಡೆಯದು. ಅತ್ತಿಮಬ್ಬೆ 1007ರಲ್ಲಿ ಲಕ್ಕುಂಡಿಯಲ್ಲಿ ಕಟ್ಟಿಸಿದ ಬ್ರಹ್ಮ ಜಿನಾಲಯ, ವಿಜಯಪುರದ ಕಮಾನುಗಳು, ಹುಬ್ಬಳ್ಳಿಯ ರೈಲು ಇವುಗಳನ್ನೆಲ್ಲ ಕಂಡ ಪ್ರೇಕ್ಷಕರಿಗೆ ಯಾವುದು ಮೊದಲು, ಯಾವುದು ಆಮೇಲೆ ಎಂಬುದು ಯಾರೂ ಕಲಿಸದೆಯೇ ಗೊತ್ತಿರುತ್ತದೆ. ನಾನು ಮೂರ್ತಿಗಳನ್ನೂ ಲಾಂಛನಗಳನ್ನೂ ಪೂರ್ತಿ ಬಿಟ್ಟು ಕಟ್ಟೋಣದ ಕ್ರಮವನ್ನಷ್ಟೇ ತೆಗೆದುಕೊಂಡೆ.

ಮೊದಲ ಅಂಕಣದ, ತಿರುಗಿಸಿ ಕಡೆದಂತೆ ಬಳೆಬಳೆಯಾಗಿ ಕಾಣುವ ತಿರುಗಣಿ ಕಂಬಗಳೇ ಹೆಚ್ಚು ಹಣ ತಿಂದವು. ಪಿವಿಸಿ ಪೈಪಿಗೆ ಬಳೆ ಕೂಡಿಸಿ ನೋಡಿದರೆ ಬೆಳಕು ಬಿದ್ದೊಡನೆ ಅದು ಪೈಪೇ ಎಂದು ಕಾಣುತ್ತಿತ್ತು, ಥರ್ಮಾಕೋಲಿನ ಅಂಚುಗಳು ಒಂದೇ ಸಾಗಾಟಕ್ಕೆ ಉದುರಿದವು. ಕಡೆಗೆ ಮಂಚದ ಕಾಲು ತಿರುವುವ ಬಡಿಗೇರರೊಬ್ಬರ ಲೇತಿನಲ್ಲಿ ಹದಿನಾರು ಕಂಬ ತಿರುವಿಸಿದೆ, ಒಂದಕ್ಕೆ ಒಂಬೈನೂರರ ಆಸುಪಾಸು ಬಿತ್ತು. ನುಣ್ಣಗೆ ಉಜ್ಜಿ, ಹಸಿರು ಬೆರೆತ ಬೂದು ಬಣ್ಣ ಕೊಟ್ಟು, ಬಳಪದ ಕಲ್ಲಿನ ಪುಡಿಯನ್ನು ಅರಿವೆಯಿಂದ ತಿಕ್ಕಿದಾಗ ಲಕ್ಕುಂಡಿಯ ಕಂಬಗಳ ಆ ತಣ್ಣನೆಯ ಹೊಳಪು ಬಂದಿತು. ಅದನ್ನು ಕೈಯಿಂದ ಮುಟ್ಟಿ ನೋಡದೆ ಮುಂದೆ ಹೋದವರನ್ನು ನಾನು ಕಂಡಿಲ್ಲ.

ಎರಡನೆಯ ಅಂಕಣದ ಚಾಚುಗಲ್ಲುಗಳನ್ನು ಕಾಗದದ ರದ್ದಿ ಮತ್ತು ಹುಣಸೆಬೀಜದ ಅಂಟಿನಿಂದ ಮಾಡಿದೆ. ಧಾರವಾಡದ ಮಳೆಗಾಲದಲ್ಲಿ ಅವು ಒಣಗದೆ ಬೂಷ್ಟು ಹಿಡಿದು, ಒಂದು ಇಡೀ ಸರಣಿಯನ್ನು ಎಸೆಯಬೇಕಾಯಿತು. ಎರಡನೆಯ ಸರಣಿಯನ್ನು ಮಳೆ ಕಡಿಮೆಯಿರುವ ಗದಗಿನ ಕಡೆ ಒಯ್ದು ಒಣಗಿಸಿದೆ. ಬೂಷ್ಟು ಹಿಡಿಯದಂತೆ ಅಂಟಿಗೆ ಮೈಲುತುತ್ತ ಹಾಕುವುದು ಎಲ್ಲರಿಗೂ ಗೊತ್ತು, ಅದರ ಜೊತೆಗೆ ನಾನು ಇನ್ನೊಂದನ್ನು ಹಾಕುತ್ತೇನೆ, ಅದು ನನ್ನಲ್ಲಿಯೇ ಇರಲಿ. ಗರ್ಡರಿನ ರಿವೆಟ್‌ಗಳಿಗೆ ಅಂಟಿಸಿದ್ದ ಬಟಾಣಿ ಬೇಳೆಯನ್ನು ಇಲಿಗಳು ಎರಡು ರಾತ್ರಿಯಲ್ಲಿ ಮುಗಿಸಿದ್ದರಿಂದ ಬೇಳೆಯ ಬದಲು ಅಲ್ಲಿ ಉಬ್ಬು ಬಟನ್‌ಗಳು ಬಂದವು. ಟೆಂಪೊ ಬಾಡಿಗೆಯೂ ಸೇರಿ ಒಟ್ಟು ಖರ್ಚು ಒಂದು ಲಕ್ಷ ನಲವತ್ತು ಸಾವಿರದ ಹತ್ತಿರ ಹೋಯಿತು, ತಂಡ ಕೊಟ್ಟದ್ದು ಅರವತ್ತು ಸಾವಿರ. ಉಳಿದದ್ದು ನನ್ನ ಕೈಯಿಂದಲೇ ಹೋಗಿದೆ.

ಯಾರೂ ಕೇಳದಿದ್ದರೂ ಮಾಡಿದ ಒಂದು ಪ್ರಯೋಗ ಹೆಜ್ಜೆಯ ಸಪ್ಪಳದ್ದು. ಪ್ಲೈವುಡ್ಡಿನ ಮೇಲೆ ಎಲ್ಲ ಕಾಲವೂ ಒಂದೇ ರೀತಿ ಡಬಡಬ ಎನ್ನುತ್ತದೆ. ಮೊದಲ ಮೂರು ಅಂಕಣಗಳ ಹಲಗೆಯ ಕೆಳಗೆ ಪೆಟ್ಟಿಗೆ ಹೊಡೆದು ಉಸುಕು ತುಂಬಿದೆ, ನಾಲ್ಕನೆಯದಕ್ಕೆ ತಗಡು ಹಾಸಿದೆ, ಐದನೆಯದನ್ನು ಪೊಳ್ಳಾಗಿಯೇ ಬಿಟ್ಟೆ. ಉಸುಕಿನ ತೂಕದಿಂದ ಹೊರುವವರು ನಾಲ್ವರಿಂದ ಎಂಟಾದರು, ನಿರ್ದೇಶಕರು ಅದನ್ನು ತೆಗೆಸಬೇಕೆಂದರು. ತಾಲೀಮಿನಲ್ಲಿ ನಾಯಕಿ ಕಲ್ಲಿನಿಂದ ಕಬ್ಬಿಣಕ್ಕೆ, ಕಬ್ಬಿಣದಿಂದ ಬರಿಯ ಕಟ್ಟಿಗೆಗೆ ದಾಟಿದ್ದನ್ನು ಕಣ್ಣುಮುಚ್ಚಿ ಕೇಳಿದ ಮೇಲೆ ಅವರೇ ಆ ದೃಶ್ಯದ ಹಿನ್ನೆಲೆ ಸಂಗೀತವನ್ನು ಕೈಬಿಟ್ಟರು. ಕೆಳಗೆ ಹೊಳೆ ತೋರಿಸಲು ಪ್ಲಾಸ್ಟಿಕ್ ಹಾಳೆ ಹಾಸಿ ಬೆಳಕು ಬಿಟ್ಟ ಪ್ರಯೋಗ ಮಾತ್ರ ಫಲ ಕೊಡಲಿಲ್ಲ, ಅದರ ಪ್ರತಿಫಲನ ಪ್ರೇಕ್ಷಕರ ಕಣ್ಣಿಗೇ ಹೊಡೆಯುತ್ತಿತ್ತು.

ಮೂರನೆಯ ಅಂಕಣದ ನೆತ್ತಿಯ ಕಲ್ಲು ನಾಟಕದ ನಡುವೆ ತಾನಾಗಿಯೇ ಇಳಿದು ಕಮಾನು ಕೂಡುವುದು ಹೇಗೆ ಎಂದು ಅನೇಕರು ಕೇಳಿದ್ದಾರೆ. ಹಗ್ಗವಿಲ್ಲ, ಮೋಟಾರಿಲ್ಲ ಎಂಬಷ್ಟನ್ನು ಹೇಳಬಲ್ಲೆ. ಮುಂದಿನ ಪ್ರದರ್ಶನ ಹಾವೇರಿಯಲ್ಲಿ. ಅಷ್ಟರೊಳಗೆ ಉಸುಕನ್ನು ಚೀಲಗಳಲ್ಲಿ ತುಂಬಿ ಪ್ರತ್ಯೇಕವಾಗಿ ಸಾಗಿಸುವಂತೆ ಪೆಟ್ಟಿಗೆಗಳಿಗೆ ಪಕ್ಕದ ಬಾಗಿಲು ಇಡುತ್ತಿದ್ದೇನೆ.