ಸದ್ದು ತಗ್ಗಿಗೆ ಹರಿಯುವ ಕಣಿವೆ: ನಾನು ಕಟ್ಟಿದ ಬಗೆ

ನಾನು ಬರೆಯುತ್ತಿರುವ ಕಾದಂಬರಿಯ ಲೋಕದಲ್ಲಿ ಸದ್ದು ಅಷ್ಟು ಬೇಗ ಸಾಯುವುದಿಲ್ಲ. ಆಡಿದ ಮಾತು ಮೊದಲು ನಮ್ಮಲ್ಲಿಯ ಹಾಗೇ ಎದುರಿನವರ ಕಿವಿಗೆ ಬೀಳುತ್ತದೆ. ಆಮೇಲೆ ಅದರ ಉಳಿಕೆ ನೆಲಕ್ಕಿಳಿದು, ತಗ್ಗು ಹುಡುಕಿಕೊಂಡು ಹರಿಯುತ್ತದೆ. ಅಲ್ಲಿನ ಜನ ಇದನ್ನು ತಗ್ಗುದನಿ ಅನ್ನುತ್ತಾರೆ. ನೆರಳೂರು ಕಣಿವೆಯಲ್ಲಿ ಮೇಲಿಂದ ಕೆಳಕ್ಕೆ ಏಳು ಹಳ್ಳಿ. ಮೇಲಿನ ಹಳ್ಳಿಯ ಜಗಳ ಕೊನೆಯ ಹಳ್ಳಿಗೆ ಬರುವ ಹೊತ್ತಿಗೆ, ಜಗಳ ಆಡಿದವರು ಉಂಡು ಮಲಗಿರುತ್ತಾರೆ.

ಇದು ಹುಟ್ಟಿದ್ದು ಹಗೇವಿನಿಂದ. ನಮ್ಮ ಮಂಡ್ಯ ಕಡೆ ಹಳೇ ಮನೆಯವರಿಗೆ ಗೊತ್ತಿರುತ್ತದೆ, ರಾಗಿ ತುಂಬಿಡುತ್ತಿದ್ದ ನೆಲದೊಳಗಿನ ಗುಂಡಿ. ಬಾಯಿ ತೆಗೆದ ತಕ್ಷಣ ಯಾರೂ ಒಳಗೆ ಇಳಿಯುತ್ತಿರಲಿಲ್ಲ. ಕಾಳು ಉಸಿರಾಡಿ ಬಿಟ್ಟ ಇಂಗಾಲದ ಡೈಆಕ್ಸೈಡ್ ಗಾಳಿಗಿಂತ ಭಾರ, ತಳದಲ್ಲೇ ಕೂತಿರುತ್ತದೆ. ದೀಪ ಇಳಿಬಿಟ್ಟು ನೋಡುತ್ತಿದ್ದರು, ಆರಿಹೋದರೆ ಒಳಗಿರುವುದು ಕೆಟ್ಟ ಗಾಳಿ ಅಂತ. ತಾತ ಇದನ್ನು ಹೇಳುವಾಗೆಲ್ಲ ನನಗೆ ಒಂದೇ ಯೋಚನೆ. ಕಣ್ಣಿಗೆ ಕಾಣದ ಗಾಳಿ ತಗ್ಗಿನಲ್ಲಿ ತುಂಬಿಕೊಂಡು ಕೂರುತ್ತದೆ ಅಂದಮೇಲೆ, ಸದ್ದು ಯಾಕೆ ಕೂರಬಾರದು?

ಮೊದಲು ವೇಗ ಗೊತ್ತು ಮಾಡಿಕೊಂಡೆ. ನಮ್ಮ ಲೋಕದಲ್ಲಿ 20 ಡಿಗ್ರಿ ಸೆಲ್ಸಿಯಸ್ ಗಾಳಿಯಲ್ಲಿ ಸದ್ದು ಸೆಕೆಂಡಿಗೆ ಸುಮಾರು 343 ಮೀಟರ್ ಹೋಗುತ್ತದೆ. ನನ್ನ ಕಣಿವೆಯ ಉದ್ದ 12 ಕಿಲೋಮೀಟರ್. ಈ ವೇಗದಲ್ಲಿ ಅದನ್ನು ದಾಟಲು 35 ಸೆಕೆಂಡು ಸಾಕು. ಅಷ್ಟರಲ್ಲಿ ಕತೆ ಹುಟ್ಟಲ್ಲ. ಹಾಗಾಗಿ ಉಳಿಕೆಗೆ ನಡೆಯುವ ಮನುಷ್ಯನ ವೇಗ ಕೊಟ್ಟೆ, ಗಂಟೆಗೆ 4 ಕಿಲೋಮೀಟರ್. ಸಂಜೆ 6ಕ್ಕೆ ಆಡಿದ್ದು ರಾತ್ರಿ 9ಕ್ಕೆ ಕೊನೆಯ ಹಳ್ಳಿಯಲ್ಲಿ ಕೇಳಿಸುತ್ತದೆ. ಇದರಿಂದ ನಾನು ಅಂದುಕೊಂಡಿರದ ಒಂದು ದೃಶ್ಯ ಸಿಕ್ಕಿತು. ಮಾತಿನ ಜೊತೆಗೇ ಮನುಷ್ಯರೂ ನಡೆಯಬಹುದು, ಅಲ್ವಾ? ಮಗಳು ಗಂಡನ ಮನೆಗೆ ಹೊರಡುವಾಗ ‘ಹೋಗ್ಬತ್ತೀನಿ ಕಣವ್ವ’ ಅನ್ನುತ್ತಾಳೆ. ಗಾಡಿ ಗುಡ್ಡ ಹತ್ತಿ ಆಚೆ ಊರಿಗೆ ಹೋಗುತ್ತದೆ, ಮಾತು ಕಣಿವೆ ಹಿಡಿದು ಕೆಳಕ್ಕೆ. ತಾಯಿ ಗಾಡಿಯ ಹಿಂದೆ ಹೋಗದೆ ಆ ಮಾತಿನ ಪಕ್ಕದಲ್ಲೇ ಹೆಜ್ಜೆ ಹಾಕುತ್ತಾಳೆ. ಇಡೀ ಕಾದಂಬರಿಯಲ್ಲಿ ನನಗೆ ಜಾಸ್ತಿ ಇಷ್ಟವಾದ ಪುಟ ಅದೇ.

ಆಮೇಲೆ ಹೊತ್ತು. ಚಳಿಗಾಲದ ಬೆಳಗಿನ ಜಾವ ನಮ್ಮೂರಿಗೆ ದೂರದ ರೈಲಿನ ಕೂಗು ಚೆನ್ನಾಗಿ ಕೇಳುತ್ತದೆ, ಮಧ್ಯಾಹ್ನ ಕೇಳುವುದಿಲ್ಲ. ಸುತ್ತಲ ಗಲಾಟೆ ಕಮ್ಮಿ ಅನ್ನುವುದೊಂದೇ ಕಾರಣ ಅಲ್ಲ. ಆ ಹೊತ್ತಲ್ಲಿ ನೆಲದ ಹತ್ತಿರದ ಗಾಳಿ ತಣ್ಣಗೆ, ಮೇಲಿನದು ಬೆಚ್ಚಗೆ ಇರುತ್ತದೆ. ಬೆಚ್ಚನೆ ಗಾಳಿಯಲ್ಲಿ ಸದ್ದಿನ ವೇಗ ಜಾಸ್ತಿ, ಹಾಗಾಗಿ ಮೇಲಕ್ಕೆ ಹೋದ ಸದ್ದು ಬಾಗಿ ಮತ್ತೆ ನೆಲದ ಕಡೆ ಬರುತ್ತದೆ. ಬಿಸಿಲು ಏರಿದ ಮೇಲೆ ಉಲ್ಟಾ, ಸದ್ದು ಮೇಲಕ್ಕೆ ಬಾಗಿ ಹೋಗುತ್ತದೆ. ಇದನ್ನೇ ಕಣಿವೆಗೂ ಹಾಕಿದೆ. ಅಲ್ಲಿ ಬಿಸಿಲೇರಿದರೆ ತಗ್ಗುದನಿ ಕರಗುತ್ತದೆ. ಗುಟ್ಟಿದ್ದವರು ನಡು ಮಧ್ಯಾಹ್ನ ಮಾತಾಡುತ್ತಾರೆ.

ತುಂಬಾ ಹೊತ್ತು ಹಿಡಿದದ್ದು ಸದ್ದು ಸವೆಯುವ ಬಗೆ. ಆಳೆತ್ತರ ಬೆಳೆದ ಕಬ್ಬಿನ ಗದ್ದೆಯ ಆ ಬದುವಿನಲ್ಲಿ ತಮ್ಮನನ್ನು ನಿಲ್ಲಿಸಿ, ಪದಗಳ ಪಟ್ಟಿ ಕೊಟ್ಟು ಕೂಗಿಸಿದೆ. ಈ ಬದುವಿನಲ್ಲಿ ಕೂತು ಕೇಳಿಸಿದ್ದಷ್ಟನ್ನೇ ಬರೆದುಕೊಂಡೆ. ‘ಸೊಸೆ’ ಅಂತ ಕೂಗಿದ್ದು ನನ್ನ ಹತ್ತಿರ ಬರುವಾಗ ಬರೀ ‘ಒಎ’. ಸ, ಶ, ಚ ಇವುಗಳ ಬಲವೆಲ್ಲ ಹೆಚ್ಚಿನ ಕಂಪನಗಳಲ್ಲಿದೆ, ದೂರ ಹೋದಷ್ಟೂ ಅವೇ ಮೊದಲು ಸವೆಯುತ್ತವೆ. ಸ್ವರ ಉಳಿಯುತ್ತದೆ. ಹೊಲದಲ್ಲಿ ದೂರ ಇರುವವರನ್ನು ‘ನಿಂಗೋ…’ ಅಂತ ಕೊನೆ ಎಳೆದು ಕರೆಯುವುದು ಸುಮ್ನೆ ಅಲ್ಲ. ಶಾಲೆಯ ವ್ಯಾಕರಣದಲ್ಲಿ ಪ್ಲುತ ಅಂತ ಓದಿದ್ದು ಇದನ್ನೇ.

ಪಟ್ಟಿಯಲ್ಲಿ ‘ನೂರು’, ‘ಮೂರು’ ಎರಡೂ ಇದ್ದವು. ಎರಡೂ ‘ಊಉ’ ಅಂತಲೇ ಬಂದವು. ಕತೆ ನಿಂತಿರುವುದೇ ಈ ಎರಡು ಪದದ ಮೇಲೆ.

ಇಲ್ಲಿಗೆ ಬಂದಾಗ ನಮ್ಮ ನಾಲೆ ತಾನಾಗೇ ಕತೆಯೊಳಗೆ ಬಂತು. ಕೆಆರ್‌ಎಸ್‌ ಅಣೆಕಟ್ಟೆಯಿಂದ ವಿ.ಸಿ. (ವಿಶ್ವೇಶ್ವರಯ್ಯ) ನಾಲೆಗೆ ನೀರು ಬಿಟ್ಟಾಗ ಮೇಲ್ಭಾಗದವರ ಗದ್ದೆ ಮೊದಲು ತುಂಬುತ್ತದೆ. ಮದ್ದೂರು, ಮಳವಳ್ಳಿ ಕಡೆ ಕೊನೆ ಭಾಗದವರು ಕಾಯುತ್ತಾ ಕೂರಬೇಕು. ಯಾರು ಮೇಲೆ, ಯಾರು ಕೆಳಗೆ ಅನ್ನುವುದರ ಮೇಲೆ ಇಲ್ಲಿ ಬದುಕೇ ನಿಂತಿದೆ. ಬೇರೆ ಲೋಕದಲ್ಲಿ ಒಂದು ವಿಚಿತ್ರ ಸದ್ದು ಇದೆ ಅಂದರೆ ಸಾಲದು. ಅದು ಯಾರಿಗೆ ಪೂರ್ತಿ ಸಿಗುತ್ತದೆ, ಯಾರಿಗೆ ಚೂರು ಸಿಗುತ್ತದೆ ಅಂತ ಬರೆಯಬೇಕು. ನನ್ನ ಕಣಿವೆಯ ಮೇಲಿನ ಹಳ್ಳಿಯವರು ಯಾರ ಮಾತನ್ನೂ ಕೇಳಬೇಕಿಲ್ಲ, ಅವರ ಮಾತನ್ನು ಎಲ್ಲರೂ ಕೇಳಬೇಕು. ಕೊನೆಯ ಹಳ್ಳಿಯವರಿಗೆ ಎಲ್ಲರ ಮಾತೂ ಬರುತ್ತದೆ, ಅರ್ಧ ಸವೆದು. ಆ ಸ್ವರಗಳಿಂದ ಪೂರ್ತಿ ಮಾತು ಕಟ್ಟಿ ಹೇಳುವವನು ದನಿಗಂಟಿ. ನಮ್ಮ ನೀರಗಂಟಿಗಳನ್ನು ನೋಡಿ ಮಾಡಿದ ಪಾತ್ರ ಅದು. ತೂಬು ತೆಗೆಯುವವನ ಮೇಲೆ ಊರವರಿಗೆ ಇರುವ ನಂಬಿಕೆ, ಅನುಮಾನ ಎರಡೂ ಅವನ ಮೇಲಿವೆ.

ಈಗ ಪಂಚಾಯ್ತಿಯ ಅಧ್ಯಾಯ ಬರೆಯುತ್ತಿದ್ದೇನೆ. ಮೇಲಿನವರು ಹಬ್ಬಕ್ಕೆ ಮೂರು ಮೂಟೆ ರಾಗಿ ಕೇಳಿದ್ದರು. ದನಿಗಂಟಿ ನೂರು ಅಂದ. ಕೊನೆಯ ಹಳ್ಳಿ ಹಗೇವೆಲ್ಲ ಬರಿದು ಮಾಡಿ ಕಳಿಸಿತು. ಮೇಲಿನವರು ಬಂದದ್ದನ್ನು ಬೇಡ ಅನ್ನಲಿಲ್ಲ. ‘ಇನ್ನು ಲೆಕ್ಕ ಇದ್ರೆ ನಗಾರೀಲಿ ಹೊಡೀರಿ, ಬಾಯಲ್ಲಿ ಬೇಡ’ ಅನ್ನುತ್ತಾಳೆ ಕೆಳಗಿನ ಹಳ್ಳಿಯ ಮುದುಕಿ. ನಗಾರಿಯ ದಪ್ಪ ಸದ್ದು ಕೊನೆವರೆಗೂ ಸವೆಯುವುದಿಲ್ಲ, ಏಟು ಎಣಿಸಿದರೆ ಸಾಕು. ಆ ನಗಾರಿಗೆ ದುಡ್ಡು ಯಾರು ಹಾಕಬೇಕು ಅನ್ನುವಲ್ಲಿ ಪಂಚಾಯ್ತಿ ನಿಂತಿದೆ. ಮೇಲಿನವರು ‘ನಮಗೆ ಸರಿಯಾಗೇ ಕೇಳ್ಸುತ್ತಲ್ಲ’ ಅನ್ನುತ್ತಿದ್ದಾರೆ.